ಟ್ರೇಡಿಂಗ್ ಆ್ಯಪ್ ಲಿಂಕ್ ಬಗ್ಗೆ, ಎಲ್ರೂ ಓದಿ

ಎಲ್ರಿಗೂ ನಮಸ್ಕಾರ. ಮಂಡಿಯಿಂದ ಅಡಿಕೆ ದುಡ್ಡು ಬರೋ ಟೈಮು, ತೀರ್ಥಹಳ್ಳಿ ಹೊಸನಗರ ಕಡೆ ಮೆಂಬರ್ಸ್ ಕೆಲವ್ರನ್ನ ಯಾರೋ ಕೇಳ್ದೇನೇ ಟೆಲಿಗ್ರಾಂ ಶೇರ್ ಟ್ರೇಡಿಂಗ್ ಗ್ರೂಪಿಗೆ ಸೇರಿಸ್ತಿದಾರಂತೆ. ಅಲ್ಲಿ ದಿನಾ ಲಾಭದ ಸ್ಕ್ರೀನ್‌ಶಾಟ್ ಹಾಕೋರೆಲ್ಲ ಹೆಚ್ಚಾಗಿ ಅವರ ಕಡೆಯವ್ರೇ ಇರ್ತಾರೆ.

ಮೊದ್ಲು ಸ್ವಲ್ಪ ದುಡ್ಡು ವಿತ್‌ಡ್ರಾ ಮಾಡೋಕೆ ಬಿಡ್ತಾರೆ, ನಂಬಿಕೆ ಬರ್ಲಿ ಅಂತ, ಆಮೇಲೆ ದೊಡ್ಡದಾಗಿ ಹಾಕಿಸ್ಕೊಂಡು, ತೆಗೆಯೋಕೆ ಹೋದ್ರೆ ಟ್ಯಾಕ್ಸ್ ಕಟ್ಟಿ ಫೀಸ್ ಕಟ್ಟಿ ಅಂತ ಶುರು ಮಾಡ್ತಾರೆ. ನಮ್ಮ ದುಡ್ಡು ನಮಗೆ ಕೊಡೋಕೆ ಮುಂಚೆ ಮತ್ತೆ ದುಡ್ಡು ಕೇಳಿದ್ರೆ ಅಲ್ಲಿಗೆ ಮುಗೀತು, ಒಂದು ರೂಪಾಯಿನೂ ಹಾಕ್ಬೇಡಿ. ಆ್ಯಪಲ್ಲಿ ಕಾಣೋ ಲಾಭ ಬರೀ ಸ್ಕ್ರೀನ್ ಮೇಲಿನ ನಂಬರು ಅಷ್ಟೆ.

ಆ್ಯಪ್ ಪ್ಲೇಸ್ಟೋರ್ ಬಿಟ್ಟು ಲಿಂಕಲ್ಲಿ ಬಂದ್ರೆ, ಯಾರದೋ ಸೇವಿಂಗ್ಸ್ ಅಕೌಂಟಿಗೆ ದುಡ್ಡು ಹಾಕಿ ಅಂದ್ರೆ ಡೌಟೇ ಬೇಡ, ಮೋಸ. ಪ್ಲೇಸ್ಟೋರಲ್ಲಿದ್ರೂ ಕಣ್ಮುಚ್ಚಿ ನಂಬ್ಬೇಡಿ. ಬ್ರೋಕರ್ ಹೆಸ್ರು, ರಿಜಿಸ್ಟ್ರೇಷನ್ ನಂಬರ್ ಎರಡನ್ನೂ ಸೆಬಿ (ಶೇರು ಮಾರ್ಕೆಟ್ ನೋಡ್ಕೊಳ್ಳೋ ಸರ್ಕಾರಿ ಸಂಸ್ಥೆ) ವೆಬ್‌ಸೈಟಲ್ಲಿ ನೀವೇ ಹುಡುಕಿ, ಅವ್ರು ಕಳ್ಸೋ ಸರ್ಟಿಫಿಕೇಟ್ ಫೋಟೋಗೆ ಬೆಲೆ ಇಲ್ಲ (ಸೀಲು ಸಹಿ ಎಲ್ಲಾ ಚೆನ್ನಾಗೇ ಇರುತ್ತೆ).

ಈಗಾಗ್ಲೇ ದುಡ್ಡು ಹೋಗಿದ್ರೆ ನಾಚ್ಕೊಂಡು ಕೂರ್ಬೇಡಿ, ತಕ್ಷಣ ಸೈಬರ್ ವಂಚನೆ ಹೆಲ್ಪ್‌ಲೈನ್ 1930ಕ್ಕೆ ಕಾಲ್ ಮಾಡಿ, ಬೇಗ ಮಾಡಿದಷ್ಟೂ ಆ ಅಕೌಂಟಲ್ಲಿ ದುಡ್ಡು ತಡೆಯೋ ಚಾನ್ಸ್ ಜಾಸ್ತಿ. ಬ್ಯಾಂಕಿಗೂ ತಿಳ್ಸಿ, ಚಾಟ್ ಡಿಲೀಟ್ ಮಾಡ್ಬೇಡಿ.

ಇಂಥ ಲಿಂಕ್ ಈ ಗ್ರೂಪಲ್ಲಿ ಯಾರೇ ಹಾಕಿದ್ರೂ ತೆಗೀತೀನಿ, ಬೇಜಾರ್ ಮಾಡ್ಕೋಬೇಡಿ.