ಮೈಸೂರು ರೈಲಿನ ಸಹಪ್ರಯಾಣಿಕರಿಗೆ ಕೃತಜ್ಞತೆಗಳು
ಮೈಸೂರಿಗೆ ಹೋಗುವ ರೈಲಿನಲ್ಲಿ ನನ್ನ ಮಗಳ ಪಕ್ಕ ಕುಳಿತಿದ್ದ ತಮಗೆ ಹೃತ್ಪೂರ್ವಕ ವಂದನೆಗಳು. ನಿಂಟೆಂಡೊ ಸ್ವಿಚ್ ಎಂಬ ಆಟದ ಸಾಧನದ ‘ಪೊಕೆಮಾನ್ ಸ್ವೋರ್ಡ್’ ಆಟದಲ್ಲಿ ಒಬ್ಬ ಬಳಕೆದಾರರಿಗೆ ಒಂದೇ ಸೇವ್ (ಆಟದ ಪ್ರಗತಿಯ ದಾಖಲೆ) ಇರುವುದರಿಂದ, ಮೊದಲಿನಿಂದ ಆಡಲು ಹೊರಟರೆ ತಾನು ಅಕ್ಕರೆಯಿಂದ ಬೆಳೆಸಿದ ಪೊಕೆಮಾನ್‌ಗಳೆಂಬ ಕಾಲ್ಪನಿಕ ಜೀವಿಗಳೆಲ್ಲ ಅಳಿಸಿಹೋಗುತ್ತವೆಂದು ಅವಳು ಕೊರಗುತ್ತಿದ್ದಳು. ಸೇವ್ ಅಳಿಸುವ ಮುನ್ನ ಅವುಗಳನ್ನು 2020ರಲ್ಲಿ ಬಂದ ‘ಪೊಕೆಮಾನ್ ಹೋಮ್’ ಎಂಬ ಸಂಗ್ರಹ ಸೇವೆಗೆ ಸಾಗಿಸಬಹುದು, ಶುಲ್ಕವಿಲ್ಲದೆಯೇ 30 ಪೊಕೆಮಾನ್‌ಗಳನ್ನು ಅಲ್ಲಿರಿಸಿ ಹೊಸ ಆಟಕ್ಕೆ ಮರಳಿ ತರಬಹುದು, ಆದರೆ ಆಟದ ಹಣ, ಬ್ಯಾಡ್ಜ್‌ಗಳು ಮತ್ತು ಚೀಲದ ಸಾಮಾನುಗಳು ಉಳಿಯುವುದಿಲ್ಲ ಎಂದು ತಾವು ಸಾವಧಾನವಾಗಿ ವಿವರಿಸಿದಿರಿ. ಸ್ವಿಚ್‌ನಲ್ಲಿ ಇನ್ನೊಬ್ಬ ಬಳಕೆದಾರರನ್ನು ಸೇರಿಸಿದರೆ ಹಳೆಯ ಸೇವ್ ಮುಟ್ಟುವ ಅಗತ್ಯವೇ ಇಲ್ಲವೆಂದು ತಾವು ಹೇಳಿದ್ದಂತೂ ಎಲ್ಲಕ್ಕಿಂತ ಅಮೂಲ್ಯ. ಮಕ್ಕಳ ಅಕ್ಕರೆಯನ್ನು ಇಷ್ಟು ಗೌರವದಿಂದ ಕಾಣುವ ಹಿರಿಯರು ಅಪರೂಪ. ಅವಳೀಗ ಹಳೆಯ ಆಟವನ್ನು ಹಾಗೆಯೇ ಉಳಿಸಿಕೊಂಡು, ಹೊಸದರಲ್ಲಿ ಮೊದಲ ಬ್ಯಾಡ್ಜ್ ಗೆದ್ದಿದ್ದಾಳೆ.