ಡಿಕ್ರಿ ಕೈಯಲ್ಲಿದೆ, ಹಣ ಬಂದಿಲ್ಲ

ಮಾನ್ಯ ಸಂಪಾದಕರೇ,

ನನ್ನದು ದಾವಣಗೆರೆಯಲ್ಲಿ ಹಳೆಯ ಗೋಣಿಚೀಲದ ವ್ಯಾಪಾರ. ಹರಿದ ಚೀಲಗಳಿಗೆ ತೇಪೆ ಹಾಕಿಸಿ, ಕಟ್ಟು ಕಟ್ಟಿ ಅಕ್ಕಿ ಗಿರಣಿಗಳಿಗೆ ಉದ್ರಿ ಕೊಡುವುದು ನಮ್ಮಲ್ಲಿ ರೂಢಿ. ಹಾಗೆ ಕೊಟ್ಟ ಮಾಲಿನ ಬಾಬ್ತು 2,74,000 ರೂಪಾಯಿ ನೆರೆ ಜಿಲ್ಲೆಯ ಗಿರಣಿಯೊಂದರಿಂದ ಬರಲಿಲ್ಲ. ಬಿಲ್ಲು, ಲಾರಿ ರಸೀದಿ, ಮಾಲು ಮುಟ್ಟಿತೆಂದು ಅವರ ಗುಮಾಸ್ತ ಹಾಕಿದ ಸಹಿ ಎಲ್ಲವೂ ನನ್ನಲ್ಲಿದ್ದವು. ಮೂರು ವರ್ಷದ ಕಾಲಮಿತಿ ಮುಗಿಯಲು ಎರಡು ತಿಂಗಳು ಇದೆ ಎನ್ನುವಾಗ ದಾವೆ ಹೂಡಿದೆ. 3 ಲಕ್ಷಕ್ಕಿಂತ ಕಡಿಮೆ ಮೊತ್ತದ ವ್ಯಾಜ್ಯ ವಾಣಿಜ್ಯ ನ್ಯಾಯಾಲಯಕ್ಕೆ ಹೋಗುವುದಿಲ್ಲ. ಸಿವಿಲ್ ಕೋರ್ಟಿಗೆ ನಾಲ್ಕು ವರ್ಷ ಓಡಾಡಿದ ಮೇಲೆ ಬಡ್ಡಿ, ಖರ್ಚು ಸಹಿತ ಹಣ ಕೊಡಬೇಕೆಂದು ಡಿಕ್ರಿ, ಅಂದರೆ ಕೋರ್ಟಿನ ತೀರ್ಪಿನ ಆದೇಶವಾಯಿತು. ಅಂದು ಮನೆಯಲ್ಲಿ ಹೋಳಿಗೆ ಮಾಡಿದ್ದೆವು.

ಅದಾಗಿ ಎರಡೂವರೆ ವರ್ಷ. ಒಂದು ರೂಪಾಯಿಯೂ ಕೈಸೇರಿಲ್ಲ. ಗಿರಣಿಯಿರುವ ಊರಿನ ಕೋರ್ಟಿಗೆ ಡಿಕ್ರಿ ವರ್ಗವಾಗಲು ಎಂಟು ತಿಂಗಳು ಹಿಡಿಯಿತು. ಅಮಲ್ಜಾರಿ, ಅಂದರೆ ಡಿಕ್ರಿ ಜಾರಿ ಮಾಡಿಸುವ ಅರ್ಜಿ ಹಾಕಿದರೆ, ಸಾಲಗಾರನಾದ ಗಿರಣಿ ಮಾಲೀಕನ ಆಸ್ತಿ ಎಲ್ಲೆಲ್ಲಿದೆ ಎಂದು ನಾನೇ ಹುಡುಕಿ ಕೊಡಬೇಕು. ಅವನ ಖಾತೆ ಯಾವ ಬ್ಯಾಂಕಿನಲ್ಲಿದೆ, ಯಾವ ಸರ್ವೆ ನಂಬರಿನಲ್ಲಿ ಎಷ್ಟು ಗುಂಟೆಯಿದೆ ಎಂಬುದು ಚೀಲ ಮಾರುವ ನನಗೆ ಹೇಗೆ ಗೊತ್ತಾಗಬೇಕು?

ಜಪ್ತಿಗೆಂದು ಕೋರ್ಟಿನ ಸಿಬ್ಬಂದಿಯಾದ ಅಮೀನರ ಜೊತೆ ಹೋದ ದಿನ ಗಿರಣಿ ಓಡುತ್ತಲೇ ಇತ್ತು. ಯಂತ್ರಗಳು ಬ್ಯಾಂಕಿಗೆ ಅಡವು, ವ್ಯವಹಾರ ಈಗ ಮಾಲೀಕನ ಹೆಂಡತಿಯ ಹೆಸರಿನಲ್ಲಿ ಎಂದು ಕಾಗದ ತೋರಿಸಿದರು. ಮೂಲೆಯಲ್ಲಿ ನಮ್ಮ ಅಂಗಡಿಯ ಕೆಂಪು ಮೊಹರಿನ ಚೀಲಗಳು ನುಚ್ಚು ತುಂಬಿಕೊಂಡು ನಿಂತಿದ್ದವು. ಒಂದರ ಮೇಲೆ ಕೈಯಾಡಿಸಿದೆ. ಇಪ್ಪತ್ತು ವರ್ಷದಿಂದ ನಮ್ಮಲ್ಲಿ ದಬ್ಬಳ ಹಿಡಿದಿರುವ ಅಜ್ಜಿಯ ಹೊಲಿಗೆ ಅದು, ಒತ್ತೊತ್ತಾಗಿ, ತುದಿಯಲ್ಲಿ ಎರಡು ಗಂಟು. ಆಕೆಯ ಕೂಲಿಯನ್ನು ನಾನು ಆಯಾ ಶನಿವಾರವೇ ಬಟವಾಡೆ ಮಾಡಿದ್ದೇನೆ. ಜಪ್ತಿಗೆ ಯೋಗ್ಯ ಸ್ವತ್ತು ಸಿಗಲಿಲ್ಲ ಎಂಬ ಷರಾದೊಂದಿಗೆ ವಾರಂಟು ವಾಪಸಾಯಿತು.

ಕಾನೂನಿನಲ್ಲಿ ದಾರಿಯಿದೆ. ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶದ 41ನೇ ನಿಯಮದಂತೆ, ಡಿಕ್ರಿಯ ಹಣ 30 ದಿನ ಬಾಕಿ ಉಳಿದರೆ ಸಾಲಗಾರನಿಂದ ಆಸ್ತಿ ವಿವರದ ಅಫಿಡವಿಟ್ ಕೇಳಬಹುದು; ಕೊಡದಿದ್ದರೆ ಮೂರು ತಿಂಗಳವರೆಗೆ ಸಿವಿಲ್ ಸೆರೆಮನೆಗೆ ಕಳುಹಿಸಬಹುದು. ಅಮಲ್ಜಾರಿ ಅರ್ಜಿಗಳನ್ನು ಆರು ತಿಂಗಳೊಳಗೆ ಇತ್ಯರ್ಥಪಡಿಸಬೇಕೆಂದು ಸುಪ್ರೀಂ ಕೋರ್ಟ್ 2021ರ ಏಪ್ರಿಲ್‌ನಲ್ಲಿ ಹೇಳಿದೆ. ಹಣದ ದಾವೆಗಳಲ್ಲಿ ವಿವಾದಾಂಶ (ಕೋರ್ಟು ತೀರ್ಮಾನಿಸಬೇಕಾದ ಪ್ರಶ್ನೆಗಳು) ರಚಿಸುವ ಮುನ್ನವೇ ಪ್ರತಿವಾದಿಯ ಆಸ್ತಿ ವಿವರವನ್ನು ಪ್ರಮಾಣದ ಮೇಲೆ ಪಡೆಯಬಹುದೆಂದೂ ಅದೇ ತೀರ್ಪಿನಲ್ಲಿದೆ. ನನ್ನ ದಾವೆಯಲ್ಲಿ ಹಾಗೆ ಕೇಳಿದ್ದರೆ, ಗಿರಣಿ ಹೆಂಡತಿಯ ಹೆಸರಿಗೆ ಹೋಗುವ ಮೊದಲೇ ಎಲ್ಲವೂ ಕೋರ್ಟಿನ ಕಡತದಲ್ಲಿರುತ್ತಿತ್ತು. 41ನೇ ನಿಯಮದ ನನ್ನ ಅರ್ಜಿಗೆ ಈಗ ಹನ್ನೊಂದು ತಿಂಗಳು. ಎದುರುಪಕ್ಷದವರು ಆಕ್ಷೇಪಣೆ ಸಲ್ಲಿಸಲು ಕಾಲಾವಕಾಶ ಕೇಳುತ್ತಾರೆ, ಸಿಗುತ್ತದೆ.

ಡಿಕ್ರಿ ಜಾರಿಗೆ 12 ವರ್ಷ ಅವಧಿಯಿದೆ ಎಂದು ನಮ್ಮ ವಕೀಲರು ಸಮಾಧಾನ ಹೇಳುತ್ತಾರೆ. ನನಗೀಗ 68. ಹಣದ ಡಿಕ್ರಿಯ ಅಮಲ್ಜಾರಿಯಲ್ಲಿ ಸಾಲಗಾರ ಹಾಜರಾದ ಮೊದಲ ದಿನವೇ ಆಸ್ತಿಯ ಅಫಿಡವಿಟ್‌ಗೆ ಆದೇಶಿಸುವಂತೆ, ಅದಕ್ಕೆ ಒಂದಕ್ಕಿಂತ ಹೆಚ್ಚು ವಾಯಿದೆ ಕೊಡದಂತೆ ಹೈಕೋರ್ಟು ಕೆಳಗಿನ ಕೋರ್ಟುಗಳಿಗೆ ಸುತ್ತೋಲೆ ಕಳುಹಿಸಬೇಕೆಂದು ಕೈಮುಗಿದು ಕೇಳುತ್ತೇನೆ.

– ಗೋಣಿಚೀಲ ವ್ಯಾಪಾರಿ, ದಾವಣಗೆರೆ