ಸಂದರ್ಶನದ ಸಾಲಿನಲ್ಲಿದ್ದ ಆ ತಾಯಿಗೆ

ನಾನು ಜೈಲು ವಾರ್ಡರ್. ಅಂದು ರಾತ್ರಿ ಪಾಳಿ ಮುಗಿಸಿ ಹೊರಡುವ ಹೊತ್ತಿಗೆ ಬದಲಿ ಬರಬೇಕಾದವರು ಬರಲಿಲ್ಲ. ಕೈದಿಗಳನ್ನು ಕಾಣಲು ಬರುವ ಬಂಧುಗಳ ಸಂದರ್ಶನದ ಕಿಟಕಿಗೂ ನನ್ನನ್ನೇ ಕೂರಿಸಿದರು. ಆರು ಕೈದಿಗಳಿಗೆ ಒಬ್ಬ ಕಾವಲು ಸಿಬ್ಬಂದಿ ಇರಬೇಕೆಂದು 2016ರ ಮಾದರಿ ಕಾರಾಗೃಹ ಕೈಪಿಡಿ ಹೇಳುತ್ತದೆ. ಹೇಳಲಿ ಬಿಡಿ, ಕೈಪಿಡಿ ಪಾಳಿಗೆ ಬರುವುದಿಲ್ಲವಲ್ಲ.

ಹೆಸರು, ವಿಳಾಸ, ಗುರುತಿನ ಚೀಟಿ ಎಂದು ಬರೆದುಕೊಳ್ಳುತ್ತಿದ್ದವನಿಗೆ ಕಣ್ಣು ಕತ್ತಲೆಗಟ್ಟಿತು. ಸಾಲಿನಲ್ಲಿ ಒಬ್ಬಿಬ್ಬರು ತಡವಾಯಿತೆಂದು ಗೊಣಗಿದರು. ನೀವು ಮಾತ್ರ ಚೀಲ ತಡಕಿ ಬೆಲ್ಲದ ಚೂರೊಂದನ್ನು ಕಿಟಕಿಯೊಳಗೆ ಚಾಚಿದಿರಿ. ಕೈದಿಗಳ ಕಡೆಯವರಿಂದ ನಾವು ಏನನ್ನೂ ತೆಗೆದುಕೊಳ್ಳುವಂತಿಲ್ಲ, ಬೇಡವೆಂದು ತಲೆಯಾಡಿಸಿದೆ. “ಆಯಿತು ಬಿಡಪ್ಪಾ” ಎಂದವರೇ ಸಾಲಿನ ಮುಂದಿದ್ದ ನಿಮ್ಮ ಜಾಗ ಬಿಟ್ಟು, ದೊಡ್ಡ ಬಾಗಿಲಿನ ಕಾವಲಿನವರನ್ನು ಕೂಗಿ ಕರೆತಂದಿರಿ. ಆಮೇಲೆ ಹೋಗಿ ಸಾಲಿನ ಕೊನೆಯಲ್ಲಿ ನಿಂತಿರಿ. ನಿಮ್ಮ ಮಗ ನಾನು ಬೀಗ ಹಾಕುವ ಬ್ಯಾರಕ್ಕಿನಲ್ಲೇ ಇದ್ದಾನೆಂಬುದು ತಿಳಿದದ್ದು ಮರುದಿನ.

ಬಂಧುಗಳೊಂದಿಗೆ ನಾಲ್ಕು ಮಾತು ಸಲುಗೆಯಿಂದ ಆಡಿದರೂ ಅನುಮಾನಕ್ಕೆ ಗುರಿಯಾಗುವ ನೌಕರಿ ನಮ್ಮದು. ಅದಕ್ಕೇ ಎದುರಿಗೆ ಹೇಳಲಾಗದ್ದನ್ನು ಇಲ್ಲಿ ಬರೆಯುತ್ತಿದ್ದೇನೆ: ದೊಡ್ಡ ಉಪಕಾರವಾಯಿತು ತಾಯಿ. ಅಂದು ನಿಮಗೆ ಮಗನ ಭೇಟಿ ತಪ್ಪಲಿಲ್ಲವೆಂದು ಸಹೋದ್ಯೋಗಿ ಹೇಳಿದ ಮೇಲೆಯೇ ನನಗೆ ಸಮಾಧಾನವಾದದ್ದು.